ಐರ್ಲೆಂಡಿನ ಒಂದು ಊರಿನ ಹಳೇ ಜನಗಣತಿ: ಜಗಳ ದೇವರದ್ದೋ, ಜಮೀನಿನದ್ದೋ?

ಕಾಳಿದಂಡೆ, ಕಾರವಾರ

ಎಲ್ಲರಿಗೂ ನಮಸ್ಕಾರ. ಇದು ನಮ್ಮ ಜಿಲ್ಲೆಯ ವಿಷಯ ಅಲ್ಲ, ಆದರೂ ಇಲ್ಲಿ ಇತಿಹಾಸ ಓದಿಕೊಂಡವರು ಇದ್ದೀರಿ ಅಂತ ಕೇಳುತ್ತಿದ್ದೇನೆ.

ನನ್ನ ತಂಗಿ ಐರ್ಲೆಂಡಿನ ಕ್ಯಾವನ್ ಕೌಂಟಿಯಲ್ಲಿ ನರ್ಸ್. ಹೋಗಿ ಎರಡು ವರ್ಷ ಆಯ್ತು. ಅವಳು ಬಾಡಿಗೆಗೆ ಇರುವ ಮನೆಯ ಅಜ್ಜಿಗೆ ಎಂಬತ್ತು ದಾಟಿದೆ, ಕಣ್ಣು ಮಂಜು. ಹೋದ ಭಾನುವಾರ ಆ ಅಜ್ಜಿ ಇವಳನ್ನು ಪಕ್ಕಕ್ಕೆ ಕೂರಿಸಿಕೊಂಡು, 1911ರ ಜನಗಣತಿಯಲ್ಲಿ ತನ್ನ ಅಜ್ಜನ ಮನೆಯ ಹಾಳೆ ಹುಡುಕಿಸಿ ಓದಿಸಿಕೊಂಡರಂತೆ. ಅಲ್ಲಿ ಅದೆಲ್ಲ ಪುಕ್ಕಟೆಯಾಗಿ ಇಂಟರ್ನೆಟ್ಟಿನಲ್ಲಿದೆ, ಮನೆಯ ಯಜಮಾನ ಕೈಯಾರೆ ಬರೆದ ಹಾಳೆಯೇ ಕಾಣುತ್ತದೆ. ತಂಗಿ ನನಗೂ ಫೋಟೋ ಕಳಿಸಿದಳು. ಹೆಸರು, ಧರ್ಮ, ಓದು ಬರಹ, ವಯಸ್ಸು, ಕಸುಬು. ಮದುವೆಯಾಗಿ ಎಷ್ಟು ವರ್ಷ, ಮಕ್ಕಳು ಹುಟ್ಟಿದ್ದೆಷ್ಟು, ಬದುಕಿರುವುದೆಷ್ಟು ಅಂತ ಬೇರೆ ಬೇರೆ ಕಾಲಂ. ಹುಟ್ಟಿದ್ದು 9, ಬದುಕಿದ್ದು 7. ಆ ಒಂಬತ್ತರ ಬಾಲ ಸ್ವಲ್ಪ ಎಡಕ್ಕೆ ಹೊರಳಿದೆ, ಶಾಯಿ ಮುಗಿದು ಮತ್ತೆ ಅದ್ದಿ ಬರೆದಿದ್ದಾರೆ ಅಂತ ಕಾಣುತ್ತದೆ. ನಾನು ಅದನ್ನೇ ತುಂಬಾ ಹೊತ್ತು ನೋಡಿದೆ.

ಪೊಲೀಸರು ತುಂಬಿದ ಇನ್ನೊಂದು ಹಾಳೆಯೂ ಇದೆ. ಪ್ರತಿ ಮನೆಯ ಗೋಡೆ ಯಾವುದರದ್ದು, ಮಾಡಿಗೆ ಹುಲ್ಲೋ ಕಲ್ಲು ಹಲಗೆಯೋ, ಎದುರಿಗೆ ಕಿಟಕಿ ಎಷ್ಟು ಅಂತ. ಅಜ್ಜಿಯ ಅಜ್ಜನ ಮನೆಗೆ ಹುಲ್ಲಿನ ಮಾಡು, ಎರಡು ಕಿಟಕಿ, ರೋಮನ್ ಕ್ಯಾಥೊಲಿಕ್. ಕೆಳಗಿನ ಮನೆಗೆ ಕಲ್ಲಿನ ಮಾಡು, ಆರು ಕಿಟಕಿ, ಚರ್ಚ್ ಆಫ್ ಐರ್ಲೆಂಡ್, ಅಂದರೆ ಪ್ರೊಟೆಸ್ಟಂಟರು. ಅಜ್ಜಿ ಹೇಳಿದರಂತೆ: "ಒಳ್ಳೇ ಮಣ್ಣು ಅವರದ್ದು, ಜೌಗು ನಮ್ಮದು." ಇಬ್ಬರೂ ಏಸುವನ್ನೇ ನಂಬುವವರು. ಹಾಗಿದ್ದರೂ ಇಷ್ಟು ದ್ವೇಷ ಯಾಕೆ? ನಿಜವಾಗಿ ಜಗಳ ದೇವರದ್ದಾ, ಜಮೀನಿನದ್ದಾ? ತಿಳಿದವರು ಹೇಳಿ.

ಶಿರಸಿ ಮಾಸ್ತರು

ತಂಗೀ, ಕ್ಯಾವನ್ ಅಂದ ಕೂಡಲೇ ಅರ್ಧ ಉತ್ತರ ಸಿಕ್ಕಿತು. ಐರ್ಲೆಂಡಿನ ಉತ್ತರ ಭಾಗಕ್ಕೆ ಅಲ್ಸ್ಟರ್ ಅನ್ನುತ್ತಾರೆ. 1607ರಲ್ಲಿ ಅಲ್ಲಿನ ಐರಿಷ್ ದೊರೆಗಳು ಹಡಗು ಹತ್ತಿ ಯೂರೋಪಿಗೆ ಓಡಿಹೋದರು. ಅವರ ನೆಲವನ್ನು ಇಂಗ್ಲೆಂಡಿನ ರಾಜ ಮುಟ್ಟುಗೋಲು ಹಾಕಿಕೊಂಡು, 1609ರಿಂದ ಸ್ಕಾಟ್ಲೆಂಡ್ ಮತ್ತು ಇಂಗ್ಲೆಂಡಿನ ಪ್ರೊಟೆಸ್ಟಂಟರನ್ನು ತಂದು ಕೂರಿಸಿದ. ಹಾಗೆ ಹಂಚಿದ ಆರು ಕೌಂಟಿಗಳಲ್ಲಿ ಕ್ಯಾವನ್ ಒಂದು. ಹಳೇ ಒಕ್ಕಲು ಪೂರ್ತಿ ಹೋಗಲಿಲ್ಲ. ಹೆಚ್ಚಾಗಿ ಗುಡ್ಡಕ್ಕೆ, ಜೌಗಿಗೆ ಸರಿದು ಅಲ್ಲೇ ಗೇಣಿಗೆ ಉಳಿದರು. ಆ ಅಜ್ಜಿ ಒಂದು ಸಾಲಿನಲ್ಲಿ ಹೇಳಿದ್ದು ಮುನ್ನೂರು ವರ್ಷದ ಕತೆ.

ಅಂಕಿ ನೋಡಿ. 1641ರಲ್ಲಿ ಇಡೀ ಐರ್ಲೆಂಡಿನ ನೆಲದಲ್ಲಿ ಕ್ಯಾಥೊಲಿಕರ ಒಡೆತನದ್ದು ಸುಮಾರು 59%. 1703ಕ್ಕೆ ಸುಮಾರು 14%. ನಡುವೆ ಇಂಗ್ಲೆಂಡಿನ ಪ್ರೊಟೆಸ್ಟಂಟ್ ಸೇನಾಪತಿ ಕ್ರಾಮ್‌ವೆಲ್‌ನ ದಂಡಯಾತ್ರೆ ಆಯಿತು, ಪ್ರೊಟೆಸ್ಟಂಟ್ ರಾಜ ಕ್ಯಾಥೊಲಿಕ್ ರಾಜನನ್ನು ಸೋಲಿಸಿದ 1690ರ ಬಾಯ್ನ್ ಕದನ ಆಯಿತು. ಆಮೇಲೆ ಬಂದ ಕಾನೂನು ಇನ್ನೂ ಸೂಕ್ಷ್ಮ. 1704ರ ಕಾಯ್ದೆ ಪ್ರಕಾರ ಕ್ಯಾಥೊಲಿಕ್ ತಂದೆ ಸತ್ತರೆ ಜಮೀನು ಎಲ್ಲ ಗಂಡುಮಕ್ಕಳಿಗೂ ಸಮಪಾಲು ಆಗಲೇಬೇಕು. ಆದರೆ ಹಿರಿಯ ಮಗ ಚರ್ಚ್ ಆಫ್ ಐರ್ಲೆಂಡ್ ಸೇರಿದರೆ ಇಡೀ ಆಸ್ತಿ ಅವನೊಬ್ಬನಿಗೆ. ಪಾಲಾಗುತ್ತ ಹೋದರೆ ಜಮೀನು ಏನಾಗುತ್ತದೆ ಅಂತ ತೋಟ ಹಿಸೆ ಮಾಡಿಕೊಂಡ ನಮ್ಮ ಶಿರಸಿ ಕಡೆಯವರಿಗೆ ಹೇಳಬೇಕಾಗಿಲ್ಲ. ಅಲ್ಲಿ ಅದನ್ನು ಬೇಕೆಂದೇ ಕಾನೂನು ಮಾಡಿ ಇಟ್ಟರು.

ಪ್ರೊಟೆಸ್ಟಂಟ್ ಅಂತ ಒಂದೇ ಗುಂಪು ಇರಲಿಲ್ಲ ಅನ್ನುವುದನ್ನೂ ಗಮನಿಸಿ. ಸ್ಕಾಟ್ಲೆಂಡಿನಿಂದ ಬಂದವರು ಹೆಚ್ಚಾಗಿ ಪ್ರೆಸ್ಬಿಟೇರಿಯನ್ನರು. ಅವರೂ ಸರ್ಕಾರದ ಚರ್ಚಾದ ಚರ್ಚ್ ಆಫ್ ಐರ್ಲೆಂಡಿನವರಲ್ಲ, ಅವರಿಗೂ ಸರ್ಕಾರಿ ಹುದ್ದೆಗೆ ಅಡ್ಡಿ ಇತ್ತು. ಅದೂ ಒಂದು ಕಾರಣ, ಏರುವ ಗೇಣಿ ಇನ್ನೊಂದು, ಬೆಳೆ ಕೈಕೊಟ್ಟದ್ದು ಮತ್ತೊಂದು. 1718ರಿಂದ ಅವರು ಹಡಗುಗಟ್ಟಲೆ ಅಮೆರಿಕಕ್ಕೆ ಹೋದರು. ಹೀಗೆ ಒಬ್ಬರನ್ನು ಎಬ್ಬಿಸಿ ಕೂರಿಸಿದವರನ್ನೇ ಮತ್ತೆ ಎಬ್ಬಿಸಿದ್ದಾಯಿತು. ಇನ್ನು ಸರ್ಕಾರದ ಚರ್ಚಿಗೆ ದಶಾಂಶ ತೆರಿಗೆ ಎಲ್ಲರೂ ಕೊಡಬೇಕು, ಯಾವ ದೇವರಿಗೆ ಕೈಮುಗಿದರೂ. 1834ರ ಲೆಕ್ಕದಲ್ಲಿ ಆ ಚರ್ಚಿನವರು ನೂರಕ್ಕೆ ಹನ್ನೊಂದು ಜನವೂ ಇರಲಿಲ್ಲ! 1869ರ ಕಾಯ್ದೆ ಬರುವವರೆಗೂ ಅದೇ ಸರ್ಕಾರಿ ಚರ್ಚ್.

ನನ್ನ ಮಟ್ಟಿಗೆ ಜಗಳ ಜಮೀನಿನದ್ದೇ. ಯಾರ ಕೈಯಲ್ಲಿ ನೆಲ ಅಂತ ಗುರುತು ಹಿಡಿಯಲು ಧರ್ಮದ ಹೆಸರು ಬಳಕೆಗೆ ಬಂತು, ಅಷ್ಟೇ.

ಗಜನಿಗದ್ದೆ, ಅಂಕೋಲಾ

ಮಾಸ್ತರು ಹೇಳಿದ್ದು ಸರಿ. ಇದಕ್ಕೆ ನಮ್ಮ ತಾಲೂಕಿನ ಜನಕ್ಕೆ ಹತ್ತಿರದ ಒಂದು ಕತೆ ಸೇರಿಸುತ್ತೇನೆ. ಬಾಯ್ಕಾಟ್ ಅಂತ ದಿನಾ ಹೇಳುತ್ತೇವಲ್ಲ, ಅದು ಒಬ್ಬ ಮನುಷ್ಯನ ಹೆಸರು. ಕ್ಯಾಪ್ಟನ್ ಚಾರ್ಲ್ಸ್ ಬಾಯ್ಕಾಟ್, ಐರ್ಲೆಂಡಿನ ಮೇಯೋ ಕೌಂಟಿಯಲ್ಲಿ ಲಾರ್ಡ್ ಅರ್ನ್ ಅನ್ನುವ ಜಮೀನ್ದಾರನ ಏಜೆಂಟ್. 1880ರಲ್ಲಿ ಒಕ್ಕಲುಗಳು ಗೇಣಿ ಇಳಿಸಿ ಅಂದರು, ಅವನು ಒಕ್ಕಲೆಬ್ಬಿಸಲು ನೋಟಿಸ್ ಕಳಿಸಿದ. ಆಗ ಊರೇ ಅವನನ್ನು ದೂರ ಮಾಡಿತು. ಕೆಲಸದವರು ಬಿಟ್ಟುಹೋದರು, ಅಂಗಡಿಯವರು ಸಾಮಾನು ಕೊಡಲಿಲ್ಲ, ಆಲೂಗಡ್ಡೆ ಹೊಲದಲ್ಲೇ ಉಳಿಯಿತು. ಊರಿನ ಪಾದ್ರಿ ಜಾನ್ ಒ'ಮ್ಯಾಲಿ, ಬಹಿಷ್ಕಾರಕ್ಕೆ ಇರುವ ದೊಡ್ಡ ಇಂಗ್ಲಿಷ್ ಪದ ನಮ್ಮ ಜನಕ್ಕೆ ಆಗಲ್ಲ, ಅವನ ಹೆಸರನ್ನೇ ಇಡೋಣ ಅಂದರು ಅಂತ ಹೇಳುತ್ತಾರೆ.

ಈಗ ನೋಡಿ ತಂಗಿಯ ಕ್ಯಾವನ್ ಎಲ್ಲಿ ಬರುತ್ತದೆ. ಬೆಳೆ ಕೀಳಲು ಊರಲ್ಲಿ ಆಳು ಸಿಗದೆ, ಕ್ಯಾವನ್ ಮತ್ತು ಪಕ್ಕದ ಮೊನಾಹನ್ ಕೌಂಟಿಯಿಂದ ಐವತ್ತು ಜನ ಪ್ರೊಟೆಸ್ಟಂಟ್ ಕೂಲಿಗಳನ್ನು ಕರೆತಂದರು. ಅವರನ್ನು ಕಾಯಲು ಸುಮಾರು ಸಾವಿರ ಸೈನಿಕರು, ಪೊಲೀಸರು. ಸುಮಾರು 500 ಪೌಂಡಿನ ಬೆಳೆ ತೆಗೆಯಲು ಸರ್ಕಾರಕ್ಕೆ 10,000 ಪೌಂಡ್ ಖರ್ಚಾಯಿತು ಅನ್ನುತ್ತಾರೆ. ಗೇಣಿಯ ಜಗಳಕ್ಕೆ ಬೇರೆ ಧರ್ಮದ ಬಡವರನ್ನು ತಂದು ನಿಲ್ಲಿಸಿದರು. ಜಗಳಕ್ಕೆ ಬಣ್ಣ ಬರುವುದು ಹೀಗೇ.

ನಮ್ಮಲ್ಲಿ 1930ರ ದಶಕದ ಕರನಿರಾಕರಣೆ ನೆನಪಿಸಿಕೊಳ್ಳಿ. ಅಂಕೋಲಾ, ಸಿದ್ದಾಪುರದ ರೈತರು ಕಂದಾಯ ಕಟ್ಟಲಿಲ್ಲ, ಜಮೀನು ಜಪ್ತಿ ಆಯಿತು. ಸಿದ್ದಾಪುರದ ಮಾವಿನಗುಂಡಿಯಲ್ಲಿ ಆ ಜಮೀನು ಕೊಂಡವರ ಮನೆ ಎದುರು ಹೆಂಗಸರು ಉಪವಾಸ ಕೂತರು. ನಮ್ಮ ಅಜ್ಜಿ ಹೇಳುತ್ತಿದ್ದರು, ಹರಾಜು ಹಿಡಿದವನ ಮನೆಗೆ ಯಾರೂ ಬೆಂಕಿ ಕೇಳಲೂ ಹೋಗುತ್ತಿರಲಿಲ್ಲ ಅಂತ. ಆಗ ಬೆಂಕಿಪೊಟ್ಟಣ ಎಲ್ಲರ ಮನೆಯಲ್ಲೂ ಇರಲಿಲ್ಲ, ಪಕ್ಕದ ಮನೆಯಿಂದ ಗೆರಟೆಯಲ್ಲಿ ಕೆಂಡ ತರುವುದೇ ರೂಢಿ. ಅಜ್ಜಿಗೆ ಮೇಯೋ ಗೊತ್ತಿರಲಿಲ್ಲ. ಆದರೆ ಆ ಕೆಂಡದ ಮಾತು ಕೇಳಿದ್ದರೆ ಅಲ್ಲಿನವರಿಗೆ ತಕ್ಷಣ ಅರ್ಥವಾಗುತ್ತಿತ್ತು.

ಶರಾವತಿ ಅಳಿವೆ, ಹೊನ್ನಾವರ

ಇಬ್ಬರ ಮೇಲೂ ಗೌರವ ಇಟ್ಟುಕೊಂಡೇ ಒಂದು ಮಾತು. ಎಲ್ಲವೂ ಜಮೀನೇ ಅಂದರೆ ನಂಬಿದವರಿಗೆ ಅನ್ಯಾಯ ಮಾಡಿದ ಹಾಗೆ. ನಾವು ಕೊಂಕಣಿ ಕ್ಯಾಥೊಲಿಕರು. ನಮ್ಮ ಹಿರಿಯರು ಗೋವಾದಿಂದ ಬಂದವರು ಅಂತ ಮನೆಯಲ್ಲಿ ಹೇಳಿಕೊಂಡು ಬಂದ ಮಾತು. ಅದೇ ಗೋವಾದಿಂದ, ತಮ್ಮ ದೇವರನ್ನು ಉಳಿಸಿಕೊಳ್ಳಲು ಓಡಿಬಂದ ಸಾರಸ್ವತರ ಮನೆಗಳೂ ಈ ಕರಾವಳಿಯಲ್ಲಿ ಎಷ್ಟೋ ಇವೆ. ಅವರು ಜಮೀನು ಬಿಟ್ಟು ದೇವರನ್ನು ಹಿಡಿದವರು. ಅಲ್ಲಿ ಲೆಕ್ಕಾಚಾರ ಉಲ್ಟಾ, ಅಲ್ವಾ?

ಐರ್ಲೆಂಡಿನಲ್ಲೂ ಹಾಗೇ. ಕ್ಯಾಥೊಲಿಕರನ್ನು ಅದುಮಿದ ಆ ಕಾನೂನುಗಳ ಕಾಲದಲ್ಲಿ ಗುಡ್ಡದ ಮರೆಯಲ್ಲಿ ಒಂದು ಬಂಡೆಯನ್ನೇ ಪೀಠ ಮಾಡಿಕೊಂಡು ಪೂಜೆ ನಡೆಸುತ್ತಿದ್ದರು. ಆ ಬಂಡೆಗಳನ್ನು ಈಗಲೂ ಊರೂರಲ್ಲಿ ತೋರಿಸುತ್ತಾರೆ. ಹಿರಿಯ ಮಗ ಚರ್ಚ್ ಬದಲಿಸಿದ್ದರೆ ಜಮೀನು ಉಳಿಯುತ್ತಿತ್ತು. ಬದಲಿಸದೆ ಪಾಲು ಮಾಡಿಕೊಂಡು ಬಡವರಾದ ಮನೆಗಳೆಷ್ಟು! ಅದು ಬರೀ ನೆಲದ ಲೆಕ್ಕ ಆಗಿದ್ದರೆ ಎಲ್ಲರೂ ಬದಲಿಸಬೇಕಿತ್ತು.

1845ರಿಂದ ಬಂದ ಆಲೂಗಡ್ಡೆ ಬರಗಾಲದಲ್ಲಿ ಇನ್ನೂ ಕಠಿಣ ಪರೀಕ್ಷೆ. ಕೆಲವು ಕಡೆ ಪ್ರೊಟೆಸ್ಟಂಟ್ ಮಿಷನ್‌ಗಳು ಗಂಜಿಯ ಜೊತೆ ಬೈಬಲ್ ಪಾಠವನ್ನೂ ಇಟ್ಟವು. ಹಾಗೆ ಹೋದವರನ್ನು "ಸೂಪ್ ಕುಡಿದವರು" ಅಂತ ತಲೆಮಾರುಗಟ್ಟಲೆ ಹಂಗಿಸಿದರು. ಹಸಿದ ಮಗುವಿನ ಕೈ ಹಿಡಿದುಕೊಂಡು ಹೋದ ತಾಯಿಯನ್ನು ಹೀಗೆ ಅನ್ನುವುದು ನನಗಂತೂ ಸಹಿಸಲು ಆಗುವುದಿಲ್ಲ. ಆದರೆ ಪ್ರಾಮಾಣಿಕವಾಗಿ, ಯಾವ ಷರತ್ತೂ ಇಲ್ಲದೆ ಉಣಿಸಿದವರೂ ಇದ್ದರು, ಕ್ವೇಕರ್ ಪಂಥದವರ ಹೆಸರನ್ನು ಇವತ್ತಿಗೂ ಪ್ರೀತಿಯಿಂದ ಹೇಳುತ್ತಾರೆ.

ಐರ್ಲೆಂಡ್ ಒಡೆದು, ದಕ್ಷಿಣ ಭಾಗ ಸ್ವತಂತ್ರವಾಗಿ ಅಧಿಕಾರ ಕ್ಯಾಥೊಲಿಕರ ಕೈಗೆ ಬಂದ ಮೇಲೆ ಏನಾಯಿತು ಅಂತಲೂ ಹೇಳಬೇಕು. 1957, ವೆಕ್ಸ್‌ಫರ್ಡ್ ಕೌಂಟಿಯ ಫೆತರ್ಡ್ ಅನ್ನುವ ಸಮುದ್ರದ ಊರು. ಶೀಲಾ ಕ್ಲೋನಿ ಅನ್ನುವ ಪ್ರೊಟೆಸ್ಟಂಟ್ ಹೆಂಗಸು, ಗಂಡ ಕ್ಯಾಥೊಲಿಕ್. ಮಕ್ಕಳನ್ನು ಕ್ಯಾಥೊಲಿಕ್ ಶಾಲೆಗೇ ಕಳಿಸಬೇಕು ಅಂತ ಪಾದ್ರಿಗಳ ಒತ್ತಡ. ಆಕೆ ಎರಡು ಹೆಣ್ಣುಮಕ್ಕಳನ್ನು ಕರೆದುಕೊಂಡು ಊರೇ ಬಿಟ್ಟಳು. ಆಗ ಕ್ಯಾಥೊಲಿಕರು ಊರಿನ ಪ್ರೊಟೆಸ್ಟಂಟರ ಅಂಗಡಿ, ಹಾಲು, ಕೊನೆಗೆ ಸಂಗೀತದ ಟೀಚರ್‌ವರೆಗೆ ಎಲ್ಲವನ್ನೂ ಬಿಟ್ಟರು. ಗೇಣಿದಾರರ ಆಯುಧ ಈಗ ಪಕ್ಕದ ಮನೆಯವರ ಮೇಲೆ ತಿರುಗಿತು. 1998ರಲ್ಲಿ ಅಲ್ಲಿನ ಬಿಷಪ್ ಕ್ಷಮೆ ಕೇಳಿದರು. ಇದರಲ್ಲಿ ಒಂದು ಗುಂಟೆ ಜಮೀನಿನ ಮಾತೂ ಇಲ್ಲ ಮಾಸ್ತರೇ. ಎರಡು ಮಕ್ಕಳ ಶಾಲೆ ಅಷ್ಟೇ.

ಶಿರಸಿ ಮಾಸ್ತರು

ಒಪ್ಪಿದೆ. ನಾನು ಬೇಗ ತೀರ್ಪು ಕೊಟ್ಟೆ. ಬಂಡೆಯ ಮುಂದೆ ನಿಂತವರ ಮಾತು ನನ್ನ ಲೆಕ್ಕದಲ್ಲಿ ಇರಲಿಲ್ಲ.

ಕಾಳಿದಂಡೆ, ಕಾರವಾರ

ಎಲ್ಲರಿಗೂ ತುಂಬಾ ಥ್ಯಾಂಕ್ಸ್. ಇದನ್ನೆಲ್ಲ ತಂಗಿಗೆ ಓದಿ ಹೇಳಿದೆ, ಅವಳು ಅಜ್ಜಿಗೆ ಹೇಳಿದ್ದಾಳೆ. ಐವತ್ತು ಜನ ಕೂಲಿಗಳ ಕತೆ ಅಜ್ಜಿಗೆ ಗೊತ್ತಿತ್ತಂತೆ.

ಇನ್ನೊಂದು ಪ್ರಶ್ನೆ. ಆ ಹಾಳೆಯಲ್ಲಿ ಬದುಕಿದ್ದು 7 ಅಂತ ಇದೆ, ಆದರೆ ಮನೆಯಲ್ಲಿ ಇದ್ದದ್ದು ಎರಡೇ ಮಕ್ಕಳು. ಉಳಿದ ಐವರು ಅಮೆರಿಕದಲ್ಲಿ. ದೊಡ್ಡಕ್ಕ ಮೊದಲು ಹೋಗಿ ತಂಗಿಗೆ ಟಿಕೆಟ್ ಕಳಿಸಿದಳು, ಆ ತಂಗಿ ತಮ್ಮನಿಗೆ. ಹೆಣ್ಣುಮಕ್ಕಳು ಆ ಕಾಲದಲ್ಲಿ ಒಬ್ಬೊಬ್ಬರೇ ಹೀಗೆ ಹೋಗುತ್ತಿದ್ದರಾ? 1911ಕ್ಕೆ ಮೊದಲಿನ ಹಾಳೆಗಳು ಸಿಗುತ್ತವಾ?

ಹುಲೇಕಲ್ ತೋಟ, ಶಿರಸಿ

ಅಕ್ಕಾ, ಹೋಗುತ್ತಿದ್ದರು. ಯೂರೋಪಿನ ಬೇರೆ ದೇಶಗಳಿಂದ ಗಂಡಸರೇ ಜಾಸ್ತಿ ಹೋದರೆ, ಐರ್ಲೆಂಡಿನಿಂದ ಮದುವೆಯಾಗದ ಹೆಣ್ಣುಮಕ್ಕಳು ಗಂಡಸರಷ್ಟೇ ಹೋದರು. ಹೆಚ್ಚಿನವರು ಅಮೆರಿಕದ ಶ್ರೀಮಂತರ ಮನೆಯಲ್ಲಿ ಕೆಲಸಕ್ಕೆ. ಅವರು ಕಳಿಸಿದ ದುಡ್ಡಿನಿಂದಲೇ ಊರಿನ ಗೇಣಿ ತೀರುತ್ತಿತ್ತು, ಮುಂದಿನವರ ಟಿಕೆಟ್ ಆಗುತ್ತಿತ್ತು.

ಇದಕ್ಕೆಲ್ಲ ದೊಡ್ಡ ತಿರುವು 1845ರಿಂದ 1852ರ ಬರಗಾಲ. ಆಲೂಗಡ್ಡೆಗೆ ಕೊಳೆರೋಗ ಬಂತು. ಅಡಿಕೆಗೆ ಕೊಳೆ ಬಂದಾಗ ಮಳೆಯಲ್ಲಿ ಎದ್ದು ತೋಟ ನೋಡುವವರಿಗೆ ಆ ಭಯ ಗೊತ್ತು, ಎರಡೂ ರೋಗದ ಜೀವಿಗಳು ಒಂದೇ ಕುಲದವು. ಆದರೆ ನಮಗೆ ಅಡಿಕೆ ಹೋದರೆ ದುಡ್ಡು ಹೋಯಿತು, ಅವರಿಗೆ ಅದೇ ಊಟ. ಸುಮಾರು ಹತ್ತು ಲಕ್ಷ ಜನ ಸತ್ತರು, ಅದಕ್ಕಿಂತ ಜಾಸ್ತಿ ಜನ ದೇಶ ಬಿಟ್ಟರು. 1847ರಲ್ಲಿ ಬಂದ ಒಂದು ನಿಯಮ ಓದಿದಾಗ ನನಗೆ ರಾತ್ರಿ ನಿದ್ದೆ ಬರಲಿಲ್ಲ. ಕಾಲು ಎಕರೆಗಿಂತ ಹೆಚ್ಚು ಗೇಣಿ ಜಮೀನು ಇದ್ದವರಿಗೆ ಸರ್ಕಾರದ ಗಂಜಿ ಇಲ್ಲ. ಅಂದರೆ ನಮ್ಮ ಲೆಕ್ಕದಲ್ಲಿ ಹತ್ತು ಗುಂಟೆ. ಉಣ್ಣಬೇಕಾದರೆ ನೆಲ ಬಿಡು, ನೆಲ ಉಳಿಸಿಕೊಂಡರೆ ಉಪವಾಸ ಸಾಯಿ. ಬಿಟ್ಟವರು ಮತ್ತೆ ಕಾಲೂರಲು ಜಾಗ ಇರಲಿಲ್ಲ, ಹಡಗೇ ಗತಿ. ಕ್ಯಾವನ್ ಒಂದರಲ್ಲೇ 1841ರಲ್ಲಿ ಸುಮಾರು 2.43 ಲಕ್ಷ ಜನ ಇದ್ದವರು ನಿಮ್ಮ ಅಜ್ಜಿಯ ಹಾಳೆ ಬರೆಯುವ ಹೊತ್ತಿಗೆ 91 ಸಾವಿರಕ್ಕೆ ಬಂದಿದ್ದರು.

ಹೊರಡುವ ಹಿಂದಿನ ರಾತ್ರಿ ಸತ್ತವರ ಮನೆಯಲ್ಲಿ ಕೂರುವ ಹಾಗೆ ನೆಂಟರೆಲ್ಲ ಕೂರುತ್ತಿದ್ದರು. ಹಾಡು, ಕುಣಿತ ಇರುತ್ತಿತ್ತು, ಬೆಳಗಿನ ಜಾವಕ್ಕೆ ಅಳು. ಅದಕ್ಕೆ ಅಮೆರಿಕನ್ ವೇಕ್ ಅಂತ ಹೆಸರು. ಮತ್ತೆ ಮುಖ ನೋಡುವ ಆಸೆ ಇರಲಿಲ್ಲವಲ್ಲ. ನಮ್ಮ ಮನೆಯಲ್ಲಿ ಅಣ್ಣ ಬೆಂಗಳೂರಿಗೆ ಹೋದ ದಿನ ಆಯಿ ಅವನ ಬಾಳೆ ಹಾಕುವ ಜಾಗವನ್ನು ಖಾಲಿ ಬಿಟ್ಟೇ ಬಡಿಸಿದಳು, ಈಗಲೂ ಆ ಜಾಗದಲ್ಲಿ ಯಾರೂ ಕೂರುವುದಿಲ್ಲ. ವರ್ಷಕ್ಕೆ ಎರಡು ಸಲ ಬರುವವನಿಗೇ ಹೀಗೆ.

ದಾಖಲೆ ವಿಷಯ: 1901ರದ್ದು ಪೂರ್ತಿ ಇದೆ. 1821ರಿಂದ 1851ರವರೆಗಿನದ್ದು ಬಹುಪಾಲು 1922ರಲ್ಲಿ ಡಬ್ಲಿನ್‌ನ ದಾಖಲೆ ಕಚೇರಿಗೆ ಬೆಂಕಿ ಬಿದ್ದಾಗ ಸುಟ್ಟಿತು. 1861ರಿಂದ 1891ರದ್ದನ್ನು ಸರ್ಕಾರವೇ ನಾಶ ಮಾಡಿಸಿತ್ತು. ಅದಕ್ಕೆ ಬದಲು ಗ್ರಿಫಿತ್ ವ್ಯಾಲ್ಯುವೇಶನ್ ನೋಡಿ, 1847ರಿಂದ 1864ರ ನಡುವೆ ಮಾಡಿದ್ದು. ನಮ್ಮ ಪಹಣಿ ಇದ್ದ ಹಾಗೆ, ಯಾರ ಜಮೀನು, ಯಾರು ಗೇಣಿಗೆ, ಎಷ್ಟು ಮೌಲ್ಯ ಎಲ್ಲ ಇದೆ. ಕ್ಯಾಥೊಲಿಕ್ ಚರ್ಚುಗಳ ನಾಮಕರಣ, ಮದುವೆ ಪುಸ್ತಕಗಳೂ 2015ರಿಂದ ಪುಕ್ಕಟೆ ಸಿಗುತ್ತವೆ. ಊರಿನ ಹೆಸರಿಗಿಂತ ಟೌನ್‌ಲ್ಯಾಂಡ್ ಹೆಸರು ಮುಖ್ಯ. ಅದು ನಮ್ಮ ಮಜರೆಯ ಹಾಗೆ, ದೇಶದಲ್ಲಿ ಅರವತ್ತು ಸಾವಿರಕ್ಕೂ ಜಾಸ್ತಿ ಇವೆ.

ಶರಾವತಿ ಅಳಿವೆ, ಹೊನ್ನಾವರ

ಆ ಆರು ಕಿಟಕಿ ಮನೆಯವರು ಏನಾದರು ಅಂತ ಅಜ್ಜಿಯನ್ನು ಕೇಳಿಸಿ ನೋಡಿ. 1911ರಿಂದ 1926ರ ನಡುವೆ ದಕ್ಷಿಣದ 26 ಕೌಂಟಿಗಳಲ್ಲಿ ಪ್ರೊಟೆಸ್ಟಂಟರು ಮೂರನೇ ಒಂದು ಭಾಗ ಕಡಿಮೆಯಾದರು. ಮೊದಲ ಮಹಾಯುದ್ಧದಲ್ಲಿ ಸತ್ತವರು, ವಾಪಸ್ ಹೋದ ಬ್ರಿಟಿಷ್ ಸೈನಿಕರು, ಹೆದರಿ ಗಡಿ ದಾಟಿದವರು, ಎಲ್ಲ ಸೇರಿ.

ಕಾಳಿದಂಡೆ, ಕಾರವಾರ

ಕೇಳಿಸಿದೆ. ದೇಶ ಒಡೆದ ಮೇಲೆ ಅವರು ಮಾರಿ ಗಡಿಯಾಚೆ ಉತ್ತರ ಐರ್ಲೆಂಡಿನ ಫರ್ಮನಾ ಕೌಂಟಿಗೆ ಹೋದರಂತೆ, ಅಜ್ಜಿ ಹುಟ್ಟುವ ಮೊದಲೇ. ಆ ಗದ್ದೆಯನ್ನು ಕೊಂಡದ್ದು ಅಜ್ಜಿಯ ಅಪ್ಪ. ನೂರು ವರ್ಷ ಆಯಿತು, ಆದರೂ ಮನೆಯವರೆಲ್ಲ ಅದನ್ನು ಹೋದವರ ಮನೆತನದ ಹೆಸರಿನಿಂದಲೇ ಕರೆಯುತ್ತಾರೆ. "ದನ ಎಲ್ಲಿ?" ಅಂದರೆ ಆ ಹೆಸರು ಹೇಳಿ, ಅವರ ಗದ್ದೆಯಲ್ಲಿ ಅನ್ನುತ್ತಾರಂತೆ. ಮೊನ್ನೆ ಅಜ್ಜಿ ತನ್ನವರ ಹಾಳೆ ಮುಗಿದ ಮೇಲೆ ಆ ಮನೆಯ ಹಾಳೆಯನ್ನೂ ತೆಗೆಸಿ, ಮಕ್ಕಳ ಹೆಸರು ಒಂದೊಂದಾಗಿ ಗಟ್ಟಿಯಾಗಿ ಓದಿಸಿಕೊಂಡರು ಅಂತ ತಂಗಿ ಹೇಳಿದಳು.

ಮುಂದಿನ ಭಾನುವಾರ 1901ರದ್ದು ತೆಗೆಯುತ್ತಾರೆ. ಸಿಕ್ಕಿದ್ದನ್ನು ಇಲ್ಲೇ ಹಾಕುತ್ತೇನೆ.