ನವಣೆ ತಳದಲ್ಲಿ ಗಂಜಿ, ಹಲ್ಲಿಗೆ ಸಿಕ್ಕರೆ ಕಟಕ್: ಎಲ್ಲಿ ತಪ್ಪುತ್ತಿದ್ದೇನೆ?

ಸೌಟುಹೊಸಬ:
ಒಂದೇ ಪಾತ್ರೆಯಲ್ಲಿ ನವಣೆ, ತರಕಾರಿ ಎಲ್ಲ ಬೇಯಿಸಿ ರಾತ್ರಿ ಊಟ ಮುಗಿಸೋಣ ಅಂತ ಹೊರಟವನು ನಾನು. ನಾಲ್ಕು ಸಲ ಮಾಡಿದೆ, ನಾಲ್ಕು ಸಲವೂ ಅದೇ ಗತಿ. ತಳದಲ್ಲಿ ಗಂಜಿ, ಆದರೆ ತಿನ್ನುವಾಗ ಅಲ್ಲಲ್ಲಿ ಕಾಳು ಹಲ್ಲಿಗೆ ಕಟಕ್ ಅನ್ನುತ್ತದೆ. ಬೀನ್ಸ್ ಒಣಗಿದ ಎಲೆಯ ಬಣ್ಣಕ್ಕೆ ತಿರುಗಿರುತ್ತದೆ.

ಮಾಡುವುದು ಹೀಗೆ: ಈರುಳ್ಳಿ ಹುರಿದು, ಕ್ಯಾರೆಟ್, ಬೀನ್ಸ್, ಬಟಾಣಿ, ಎರಡು ಟೊಮೆಟೊ ಹಾಕಿ, ತೊಳೆದ ನವಣೆ 1 ಕಪ್, ನೀರು ಎರಡೂವರೆ ಕಪ್. ಮುಚ್ಚಿ ಬೇಯಿಸುತ್ತೇನೆ. 15 ನಿಮಿಷಕ್ಕೆ ರುಚಿ ನೋಡಿದರೆ ಗಟ್ಟಿ ಕಾಳು ಸಿಗುತ್ತದೆ. ಇನ್ನರ್ಧ ಕಪ್ ನೀರು ಹಾಕಿ, ಕಲಕಿ, ಮತ್ತೆ ಮುಚ್ಚುತ್ತೇನೆ. ಹೀಗೇ 35 ನಿಮಿಷ ಆಗಿಬಿಡುತ್ತದೆ.

ಮುಚ್ಚಳ:
ನೀರು ಜಾಸ್ತಿ ಆಯ್ತು ಕಣ್ರೀ. ಟೊಮೆಟೊನೂ ನೀರು ಬಿಡುತ್ತೆ. 2 ಕಪ್ ಸಾಕು, ಮಧ್ಯೆ ಮುಚ್ಚಳ ತೆಗೀಬೇಡಿ.

ಸೌಟುಹೊಸಬ:
ನಿನ್ನೆ ಹಾಗೇ ಮಾಡಿದೆ ಸರ್. ಗಂಜಿ ಆಗಲಿಲ್ಲ, ನಿಜ. ಆದರೆ ಸ್ವಲ್ಪ ತಳ ಹಿಡಿಯಿತು, ಕಟಕ್ ಮಾತ್ರ ಹಾಗೇ ಇದೆ.

ಹಸಿರುಬಟ್ಟಲು:
ಚಿಟಿಕೆ ಅಡುಗೆ ಸೋಡಾ ಹಾಕಿ ನೋಡಿ. ಕಾಳೂ ಬೇಗ ಬೇಯುತ್ತೆ, ಬೀನ್ಸೂ ಹಸಿರಾಗಿರುತ್ತೆ.

ಸಣ್ಣಉರಿ:
ದಯವಿಟ್ಟು ಬೇಡ. ಹಸಿರು ಉಳಿಯುವುದು ನಿಜ, ಆದರೆ ಸೋಡಾ ಬಿದ್ದ ತರಕಾರಿ ಲೊಳಲೊಳ ಆಗುತ್ತದೆ. ಮೇಲಾಗಿ ಧಾನ್ಯದಲ್ಲಿರುವ ಬಿ1 ಜೀವಸತ್ವ ಕ್ಷಾರದಲ್ಲಿ ಬೇಯಿಸಿದರೆ ನಾಶವಾಗುತ್ತದೆ. ಪೌಷ್ಟಿಕ ಊಟ ಬೇಕೆಂದು ನವಣೆ ತಂದು, ಅದನ್ನೇ ಕಳೆದುಕೊಳ್ಳುವುದೇಕೆ?

ಸೌಟುಹೊಸಬರೇ, ನಿಮ್ಮ ಕಟಕ್ ಯಾವ ಕಟಕ್ ಅಂತ ಮೊದಲು ತಿಳಿಯಬೇಕು. ಬೆಂದ ನವಣೆ ಒಂದು ಚಮಚ ಬಿಳಿ ತಟ್ಟೆಯ ಮೇಲೆ ಹರಡಿ. ಒಂದೊಂದೇ ಕಾಳನ್ನು ಹೆಬ್ಬೆರಳು, ತೋರುಬೆರಳ ನಡುವೆ ಹಿಚುಕಿ. ನಡುವೆ ಸಣ್ಣ ಬಿಳಿ ಚುಕ್ಕೆ ಗಟ್ಟಿಯಾಗಿ ಉಳಿದರೆ ಅದು ಬೇಯದ ಕಾಳು. ಹಿಚುಕಿದಾಗ ಒಳಗಿನ ಹಿಟ್ಟು ಹೊರಬಂದು, ಬೆರಳಲ್ಲಿ ಹೊಳೆಯುವ ಚಿಪ್ಪಿನಂಥದ್ದು ಉಳಿದರೆ ಕಥೆಯೇ ಬೇರೆ. ನೋಡಿ ಹೇಳಿ.

ಸೌಟುಹೊಸಬ:
ನಿನ್ನೆ ಮಿಕ್ಕಿದ್ದರಲ್ಲೇ ನೋಡಿದೆ. ಬಿಳಿ ಚುಕ್ಕೆ ಒಂದರಲ್ಲೂ ಇಲ್ಲ. ಆದರೆ ಚಮಚದಲ್ಲಿ ಏಳೆಂಟು ಕಾಳು ಬೇರೆ ಥರ ಇವೆ, ಹಳದಿ, ನುಣುಪು, ಪಾಲಿಶ್ ಹಾಕಿದ ಹಾಗೆ. ಹಿಚುಕಿದರೆ ಪಟ್ ಅಂತ ಒಡೆದು ಸಿಪ್ಪೆ ಬೆರಳಿಗೆ ಅಂಟುತ್ತದೆ!

ಸಣ್ಣಉರಿ:
ಸಿಕ್ಕಿತು. ಅದು ಹೊಟ್ಟು ಬಿಡದ ನವಣೆ. ಹೊಟ್ಟು ತೆಗೆದ ನವಣೆ ಅಕ್ಕಿಗೆ ಹೊಳಪಿರುವುದಿಲ್ಲ, ತಿಳಿ ಹಳದಿಯಾಗಿ ಮಂಕಾಗಿರುತ್ತದೆ. ಹೊಳೆಯುವ ಕಾಳಿನ ಮೇಲೆ ಸಿಪ್ಪೆ ಹಾಗೇ ಇದೆ, ಅದನ್ನು ಎಷ್ಟು ಹೊತ್ತು ಬೇಯಿಸಿದರೂ ಹಲ್ಲಿಗೆ ಸಿಗುತ್ತದೆ. ನೀವು ಆ ಏಳೆಂಟು ಕಾಳಿನ ಬೆನ್ನು ಹತ್ತಿ, ಬೆಂದುಹೋದ ಮಿಕ್ಕೆಲ್ಲವನ್ನೂ ಇನ್ನೂ 20 ನಿಮಿಷ ಬೇಯಿಸುತ್ತಿದ್ದೀರಿ. ಗಂಜಿ ಆಗಿದ್ದು ಅದಕ್ಕೇ. ಕಲಕಿದಷ್ಟೂ ಕಾಳು ಒಡೆದು ಪಿಷ್ಟ ನೀರಿಗಿಳಿಯುತ್ತದೆ, ಆಮೇಲೆ ಅದು ತಳ ಹಿಡಿಯದೆ ಇನ್ನೇನು ಮಾಡೀತು.

ಬೀನ್ಸ್ ಬಣ್ಣಗೆಟ್ಟಿದ್ದಕ್ಕೂ ಇದೇ ಕಾರಣ, ಜೊತೆಗೆ ಟೊಮೆಟೊ. ಎಲೆಹಸಿರಿನ ನಡುವೆ ಮೆಗ್ನೀಸಿಯಂ ಇರುತ್ತದೆ. ಹುಳಿಯಲ್ಲಿ ತುಂಬಾ ಹೊತ್ತು ಕಾಯಿಸಿದರೆ ಅದು ಕಳಚಿಕೊಂಡು, ಹಸಿರು ಕಂದುಹಸಿರಾಗುತ್ತದೆ. ಹುಳಿ ಇದ್ದಲ್ಲಿ ತರಕಾರಿ ಮೆತ್ತಗಾಗುವುದೂ ನಿಧಾನ, ಹಾಗಾಗಿ ಬಣ್ಣವೂ ಹೋಗಿ ಕಾಯುವುದೂ ತಪ್ಪಲಿಲ್ಲ.

ಈಗ ಮಾಡಬೇಕಾದ್ದು. ಮುಂದಿನ ಸಲ ಹಸಿ ನವಣೆಯನ್ನು ತಟ್ಟೆಯಲ್ಲಿ ಹರಡಿ ಬೆಳಕಿಗೆ ಹಿಡಿಯಿರಿ, ಹೊಳೆಯುವವು ಕಣ್ಣಿಗೆ ಬೀಳುತ್ತವೆ. ತುಂಬಾ ಇದ್ದರೆ ಆ ಪೊಟ್ಟಣವನ್ನೇ ಬಿಡಿ. ಸ್ವಲ್ಪ ಇದ್ದರೆ ಅಗಲ ಪಾತ್ರೆಯಲ್ಲಿ ಜಾಸ್ತಿ ನೀರು ಹಾಕಿ, ಕೈಯಾಡಿಸಿ, ತೇಲಿದ್ದನ್ನು ಬಗ್ಗಿಸಿ ಚೆಲ್ಲಿ. ಮೂರು ನಾಲ್ಕು ಸಲ ಜಾಲಿಸಿದರೆ ಸಾಕಷ್ಟು ಹೋಗುತ್ತದೆ, ಪೂರ್ತಿ ಹೋಗುವುದಿಲ್ಲ. ತಳದಲ್ಲಿ ಕಲ್ಲು ಉಳಿದರೆ ಅದೂ ಸಿಗುತ್ತದೆ.

ಆಮೇಲೆ ಅರ್ಧ ಗಂಟೆ ನೆನೆಸಿ, ನೀರು ಬಸಿದು, 1 ಕಪ್ಪಿಗೆ 2 ಕಪ್ ಬಿಸಿನೀರು. ಕುದಿ ಬಂದ ಮೇಲೆ ಸಣ್ಣ ಉರಿ, ಬಿಗಿ ಮುಚ್ಚಳ, 12 ನಿಮಿಷ. ಒಲೆ ಆರಿಸಿ 10 ನಿಮಿಷ ಮುಟ್ಟಬೇಡಿ. ತರಕಾರಿ ಪಕ್ಕದ ಬಾಣಲೆಯಲ್ಲಿ: ಮೊದಲು ಕ್ಯಾರೆಟ್, ಎರಡು ನಿಮಿಷ ಬಿಟ್ಟು ಬೀನ್ಸ್, ಮುಚ್ಚಳವಿಲ್ಲದೆ. ಫ್ರಿಜ್ಜಿನ ಬಟಾಣಿಯಾದರೆ ಕೊನೆಗೆ ಎರಡೇ ನಿಮಿಷ. ಎಲ್ಲ ಬೆಂದ ಮೇಲೆ ಟೊಮೆಟೊ. ನಿಂಬೆರಸ ಒಲೆ ಆರಿಸಿದ ಮೇಲೆ. ಅದರ ಸಿ ಜೀವಸತ್ವ ಧಾನ್ಯದ ಕಬ್ಬಿಣಾಂಶ ದೇಹಕ್ಕೆ ಹತ್ತಲು ನೆರವಾಗುತ್ತದೆ, ಕುದಿಸಿದರೆ ಆ ಜೀವಸತ್ವ ಒಂದಷ್ಟು ಕಳೆದುಹೋಗುತ್ತದೆ.

ಎರಡು ಪಾತ್ರೆ ತೊಳೆಯಬೇಕು, ಗೊತ್ತು. ಒಂದೇ ಪಾತ್ರೆಯ ಹಟ ಇದ್ದರೆ ತರಕಾರಿಯನ್ನು ಅರೆಬೇಯಿಸಿ ತೆಗೆದಿಟ್ಟು, ಅದರಲ್ಲೇ ನವಣೆ ಮಾಡಿ, ಕೊನೆಗೆ ಬೆರೆಸಿ.

ಮುಚ್ಚಳ:
ಹೊಟ್ಟಿನ ವಿಷಯ ನನಗೆ ಹೊಳೀಲೇ ಇಲ್ಲ. ಒಂದು ಹಿಡಿ ಬೇಯಿಸಿದ ಹೆಸರುಬೇಳೆ ಸೇರಿಸಿದರೆ ಊಟ ಪೂರ್ತಿ ಆಗುತ್ತೆ. ಧಾನ್ಯದಲ್ಲಿ ಕಮ್ಮಿ ಇರೋ ಲೈಸಿನ್ ಅನ್ನೋ ಪ್ರೋಟೀನಿನ ಅಂಶ ಬೇಳೆಯಲ್ಲಿ ಸಿಗುತ್ತೆ.

ಸೌಟುಹೊಸಬ:
ಭಾನುವಾರ ಮಾಡಿದೆ. ಜಾಲಿಸಿದಾಗ ಹೋದ ಹೊಟ್ಟು ನೋಡಿಯೇ ಗಾಬರಿಯಾಯಿತು. ಕಾಳು ಉದುರುದುರಾಗಿ ಬಂತು, ಬೀನ್ಸ್ ಹಸಿರಾಗಿಯೇ ಇತ್ತು. ಇಡೀ ತಟ್ಟೆಯಲ್ಲಿ ಎರಡು ಸಲ ಕಟಕ್ ಅಂದಿದ್ದು, ಅಷ್ಟೇ. ಆದರೆ ಫ್ರಿಜ್ಜಿನಲ್ಲಿಟ್ಟು ಮಾರನೆಯ ದಿನ ತೆಗೆದರೆ ಮರಳಿನ ಥರ ಗಟ್ಟಿ. ಇದಕ್ಕೇನು?

ಸಣ್ಣಉರಿ:
ತಣ್ಣಗಾದಾಗ ಪಿಷ್ಟ ಮತ್ತೆ ಬಿಗಿದುಕೊಳ್ಳುತ್ತದೆ, ಕೆಟ್ಟಿದೆ ಅಂತಲ್ಲ. ಕಪ್ಪಿಗೆ ಎರಡು ಚಮಚ ನೀರು ಚಿಮುಕಿಸಿ, ಮುಚ್ಚಿ, ಹಬೆಯಾಡುವವರೆಗೆ ಬಿಸಿ ಮಾಡಿ. ಗಟ್ಟಿಯಾಗುತ್ತದೆ ಅಂತ ಹೊರಗಿಟ್ಟು ಮಲಗಬೇಡಿ ಮಾತ್ರ. ಬೆಂದ ಧಾನ್ಯದಲ್ಲಿ ಬ್ಯಾಸಿಲಸ್ ಸೀರಿಯಸ್ ಎಂಬ ಬ್ಯಾಕ್ಟೀರಿಯಾದ ಬೀಜಕಗಳು ಕುದಿಗೂ ಸಾಯದೆ ಉಳಿದಿರಬಹುದು. ಬೆಚ್ಚಗೆ ಇಟ್ಟರೆ ಬೆಳೆದು ವಿಷ ಬಿಡುತ್ತವೆ, ಮತ್ತೆ ಬಿಸಿ ಮಾಡಿದರೂ ಆ ವಿಷ ಹೋಗುವುದಿಲ್ಲ. ಅಗಲ ತಟ್ಟೆಯಲ್ಲಿ ಹರಡಿ ಆರಿಸಿ, 2 ಗಂಟೆಯೊಳಗೆ ಫ್ರಿಜ್ಜಿಗೆ.

ಸೌಟುಹೊಸಬ:
ಆಗಲಿ. ಈಗ ಮನೆಯಲ್ಲಿ ಯಾರ ತಟ್ಟೆಯಲ್ಲಿ ಕಟಕ್ ಅಂದರೂ ಎಲ್ಲರೂ ಬೆರಳಲ್ಲಿ ಕಾಳು ಹಿಚುಕಿ ನನಗೆ ತೋರಿಸುತ್ತಿದ್ದಾರೆ.