ಹಳೇ ಕಂಪ್ಯೂಟರ್ ಮೇಲೆ ಕಿರುಚಿತ್ರ: ಪರದೆ ಶೂಟ್ ಮಾಡಿದ್ರೆ ಕಪ್ಪು ಪಟ್ಟಿ ಬರ್ತಿದೆ

ಬಳ್ಳಾರಿ ಬಿಸಿಲು:
ನಮ್ಮ ಸೋದರಮಾವ ಇಲ್ಲೇ ಒಂದು ಜೀನ್ಸ್ ಯೂನಿಟ್‌ನಲ್ಲಿ ಲೆಕ್ಕ ಬರೆಯುತ್ತಿದ್ದರು. ತೊಂಬತ್ತರ ದಶಕದಲ್ಲಿ ಮಾಲೀಕರು ಕಂಪ್ಯೂಟರ್ ತಂದರು. ಅದಕ್ಕೆ ಎ.ಸಿ. ರೂಮು, ಉಳಿದವರಿಗೆ ಫ್ಯಾನೂ ಇಲ್ಲ (ನಮ್ಮೂರ ಬೇಸಿಗೆ ಗೊತ್ತಲ್ಲ). ಮಾಮ ದಿನವಿಡೀ ಬಿಲ್ ಹೊಡೆದು, ಸಂಜೆ ಅದು ಹಾಕಿದ ಮೊತ್ತವನ್ನು ಖಾತೆ ಪುಸ್ತಕದಲ್ಲಿ ಮತ್ತೆ ಕೂಡಿ ನೋಡುತ್ತಿದ್ದರು. ನಂಬಿಕೆ ಇಲ್ಲ! ಆದರೆ ಕರೆಂಟ್ ಹೋದರೆ ಮೊದಲು ಓಡಿ ಅದಕ್ಕೇ ಬಟ್ಟೆ ಹೊದಿಸುತ್ತಿದ್ದರು.

ಇದನ್ನೇ ಚಿತ್ರ ಮಾಡಬೇಕು. ಕಥೆ, ಮಾತು ಏನೂ ಬೇಡ. ಕೀಬೋರ್ಡ್ ಸದ್ದು, ಮಾಮನ ಮುಖ, ಅಷ್ಟೇ. ಆ ಕಂಪ್ಯೂಟರ್ ಇನ್ನೂ ಚಾಲೂ ಆಗುತ್ತದೆ. ಆದರೆ ಮೊಬೈಲ್‌ನಲ್ಲಿ ತೆಗೆದರೆ ಪರದೆ ಮೇಲೆ ಕಪ್ಪು ಪಟ್ಟಿ ಓಡುತ್ತದೆ. ಏನು ಮಾಡಲಿ? ಈ ಥರದ ಚಿತ್ರ ಯಾವುದಾದ್ರೂ ಇದ್ರೆ ಅದನ್ನೂ ಹೇಳಿ.

ರಾಯಚೂರು ಟಿವಿ ರಿಪೇರಿ:
ತಮ್ಮಾ, ಟ್ಯೂಬ್ ಮಾನಿಟರ್ ಇಡೀ ಚಿತ್ರವನ್ನು ಒಂದೇ ಸಲ ತೋರಿಸುವುದಿಲ್ಲ. ಮೇಲಿಂದ ಕೆಳಗೆ ಗೆರೆ ಗೆರೆಯಾಗಿ ಬರೆಯುತ್ತದೆ. ವಿಜಿಎ (ಆಗಿನ ಸಾಮಾನ್ಯ ಬಗೆ) ಮಾನಿಟರ್‌ನಲ್ಲಿ ಡಾಸ್, ಅಂದರೆ ವಿಂಡೋಸ್‌ಗೂ ಹಿಂದಿನ ವ್ಯವಸ್ಥೆಯ, ಅಕ್ಷರ ಇದ್ದರೆ ಸೆಕೆಂಡಿಗೆ 70 ಸಲ. ನಿನ್ನ ಶಟರ್ ಅದಕ್ಕಿಂತ ಬೇಗ ಮುಚ್ಚಿದರೆ ಬರೆಯದ ಭಾಗ ಕಪ್ಪು. ಕ್ಯಾಮೆರಾದ ಮ್ಯಾನುವಲ್ ಮೋಡ್‌ಗೆ ಹೋಗಿ ಶಟರ್ 1/70 ಸೆಕೆಂಡಿನ ಹತ್ತಿರ ಇಡು. 1/60 ಮಾತ್ರ ಇದ್ದರೆ ಮಸುಕು ಪಟ್ಟಿ ಉಳಿಯುತ್ತದೆ. ಹಿಂದಿನ ಮುಚ್ಚಳ ಮಾತ್ರ ಬಿಚ್ಚಬೇಡ, ಒಳಗೆ ಸಾವಿರಾರು ವೋಲ್ಟ್ ಇರುತ್ತದೆ. ಸ್ವಿಚ್ ತೆಗೆದ ಮೇಲೂ ಹೊಡೆಯುತ್ತದೆ.

ಕೊಪ್ಪಳದ ಕಿಟಕಿ:
ಅಮೆರಿಕದ ಜಾನ್ ವಿಟ್ನಿ ಅವರ ಕಿರುಚಿತ್ರ 'ಕ್ಯಾಟಲಾಗ್' (1961) ನೋಡಿ. ವಿಮಾನ ಹೊಡೆಯುವ ಫಿರಂಗಿಗೆ ಗುರಿ ಲೆಕ್ಕ ಹಾಕುತ್ತಿದ್ದ ಸೇನೆಯ ಹಳೇ ಯಂತ್ರದಿಂದ ಹೂವಿನಂಥ ಚಿತ್ರ ತೆಗೆದಿದ್ದಾರೆ. ಅಮೆರಿಕದ ಸಂಶೋಧನಾ ಸಂಸ್ಥೆ ಬೆಲ್ ಲ್ಯಾಬ್ಸ್‌ನ ಕೆನ್ ನೋಲ್ಟನ್ 1963ರಲ್ಲಿ ಬೆಫ್ಲಿಕ್ಸ್ ಎಂಬ ಪ್ರೋಗ್ರಾಂ ಭಾಷೆ ಮಾಡಿದರು. ಅಗಲಕ್ಕೆ 252 ಚುಕ್ಕೆ, ಎತ್ತರಕ್ಕೆ 184, ಬಿಳಿಯಿಂದ ಕಪ್ಪಿನವರೆಗೆ 8 ಛಾಯೆ. ಅಷ್ಟರಲ್ಲೇ ಸಿನಿಮಾ!

ಆದರೆ ಇವುಗಳಲ್ಲಿ ಮನುಷ್ಯರೇ ಕಾಣುವುದಿಲ್ಲ. ನಿಮ್ಮ ಮಾಮನಿಗೆ ಹತ್ತಿರ ಅನಿಸಿದ್ದು ಎಲೈಝಾ ಕಥೆ. ಅಮೆರಿಕದ ಎಂಐಟಿ ವಿಶ್ವವಿದ್ಯಾಲಯದ ಜೋಸೆಫ್ ವೈಝೆನ್‌ಬಾಮ್ 1966ರಲ್ಲಿ ಪ್ರಕಟಿಸಿದ, ಟೈಪ್ ಮಾಡಿದರೆ ಉತ್ತರ ಕೊಡುವ ಪ್ರೋಗ್ರಾಂ. ನಾವು ಹೇಳಿದ್ದನ್ನೇ ತಿರುಗಿಸಿ ಕೇಳುತ್ತದೆ, ಅಷ್ಟೇ. ಅವರು ಅದನ್ನು ತಿಂಗಳುಗಟ್ಟಲೆ ಕಟ್ಟುತ್ತಿದ್ದುದನ್ನು ಕಣ್ಣಾರೆ ಕಂಡಿದ್ದ ಸೆಕ್ರೆಟರಿಯೇ, ಅದರ ಜೊತೆ ನಾಲ್ಕು ಮಾತು ಆದ ಮೇಲೆ ಅವರಿಗೇ "ಸ್ವಲ್ಪ ಹೊರಗೆ ಹೋಗ್ತೀರಾ" ಎಂದರಂತೆ. ಮಾಮ ಬಟ್ಟೆ ಹೊದಿಸುವ ಶಾಟ್ ಉದ್ದಕ್ಕೆ ಇಡಿ. ಪರದೆ ಕಡಿಮೆ ತೋರಿಸಿ.

ಬಳ್ಳಾರಿ ಬಿಸಿಲು:
ಅಣ್ಣಾ, 1/70 ಇಟ್ಟೆ, ಪಟ್ಟಿ ಹೋಯ್ತು. ಮೇಡಂ, ಬಟ್ಟೆ ಶಾಟ್ ತೆಗೆಯುವಾಗ ಮಾಮ "ಕರೆಂಟ್ ಇದೆಯಲ್ಲೋ, ಯಾಕೆ ಹೊದಿಸಲಿ?" ಎಂದು ಒಪ್ಪಲೇ ಇಲ್ಲ. ಲೋಡ್ ಶೆಡ್ಡಿಂಗ್‌ಗೆ ಕಾಯಬೇಕು.