‘ಇರಾನ್‌ದೂಸ್ತ್’: ದೋಸ್ತನೋ, ಪ್ರೇಮಿಯೋ?

ಎಲ್ಲರಿಗೂ ನಮಸ್ಕಾರ.

ರಿಚರ್ಡ್ ಫ್ರೈ ಅವರ ಬಗ್ಗೆ ಒಂದು ಸಣ್ಣ ಬರಹ ಬರೆಯುತ್ತಿದ್ದೇನೆ. ಒಂದೇ ಒಂದು ಪದದ ಹತ್ತಿರ ಗಾಡಿ ನಿಂತುಬಿಟ್ಟಿದೆ.

ಫ್ರೈ 1920ರಲ್ಲಿ ಅಮೆರಿಕದ ಅಲಬಾಮಾದಲ್ಲಿ ಹುಟ್ಟಿದವರು. ಎರಡನೇ ಮಹಾಯುದ್ಧದ ಹೊತ್ತಿಗೆ ಅಫ್ಘಾನಿಸ್ತಾನದಲ್ಲಿದ್ದರು. ಆಮೇಲೆ ಹಾರ್ವರ್ಡ್‌ನಲ್ಲಿ ಮೂವತ್ತಕ್ಕೂ ಜಾಸ್ತಿ ವರ್ಷ ಇರಾನಿನ ಇತಿಹಾಸ, ಭಾಷೆಗಳನ್ನು ಕಲಿಸಿದರು. ನರ್ಶಖಿ ಅನ್ನುವ ಇತಿಹಾಸಕಾರ 10ನೇ ಶತಮಾನದಲ್ಲಿ ಬರೆದ ಬುಖಾರಾದ ಇತಿಹಾಸವನ್ನು 1954ರಲ್ಲಿ ಇಂಗ್ಲಿಷಿಗೆ ತಂದರು. ಅವರ ಮಟ್ಟಿಗೆ ಇರಾನ್ ಅಂದರೆ ಈಗಿನ ನಕ್ಷೆಯಲ್ಲಿರುವ ದೇಶವಷ್ಟೇ ಅಲ್ಲ. ಈಗ ಉಜ್ಬೇಕಿಸ್ತಾನದಲ್ಲಿರುವ ಬುಖಾರಾ, ಸಮರ್‌ಖಂಡ್‌ಗಳೂ ಅದರೊಳಗೇ.

ಇವರಿಗೆ ‘ಇರಾನ್‌ದೂಸ್ತ್’ ಅಂತ ಹೆಸರು ಕೊಟ್ಟವರು ಅಲಿ ಅಕ್ಬರ್ ದೆಹಖೋದಾ, ಫಾರಸಿಯ ಮಹಾ ನಿಘಂಟು ಕಟ್ಟಿದವರು. (‘ದೆಹ’ ಅಂದರೆ ಹಳ್ಳಿ, ‘ಖೋದಾ’ ಅಂದರೆ ಒಡೆಯ. ನಮ್ಮಲ್ಲಾಗಿದ್ದರೆ ‘ಊರಗೌಡ್ರು’!) ನಿಘಂಟಿನವರು ಕೊಟ್ಟ ಹೆಸರು. ಸುಮ್ನೆ ಕೊಟ್ಟಿರಲಿಕ್ಕಿಲ್ಲ, ಅಲ್ವಾ?

‘ದೋಸ್ತ’ ನಮಗೇನು ಹೊಸದಲ್ಲ. ನಮ್ಮ ಕಲಬುರಗಿ ಕಡೆ ಚಹಾದಂಗಡಿಯಲ್ಲಿ ದಿನಕ್ಕೆ ನೂರು ಸಲ ಕಿವಿಗೆ ಬೀಳುತ್ತದೆ. ಹಾಗಾಗಿ ‘ಇರಾನಿನ ದೋಸ್ತ’ ಅಂತ ಬರೆದು ಮುಂದೆ ಹೋದೆ. ಆಮೇಲೆ ಅನುಮಾನ ಬಂತು. ಫಾರಸಿಯಲ್ಲಿ ಈ ಪದ ಒಂಟಿಯಾಗಿದ್ದರೆ ಗೆಳೆಯ. ಇನ್ನೊಂದು ಪದದ ಬಾಲಕ್ಕೆ ಅಂಟಿದರೆ ಅದನ್ನು ಇಷ್ಟಪಡುವವನು. ‘ಕೆತಾಬ್‌ದೂಸ್ತ್’ ಪುಸ್ತಕದ ಹುಚ್ಚಿನವನು, ‘ವತನ್‌ದೂಸ್ತ್’ ದೇಶಪ್ರೇಮಿ. ‘ನಿನ್ನನ್ನು ಪ್ರೀತಿಸುತ್ತೇನೆ’ ಅನ್ನುವುದಕ್ಕೂ ಇದೇ ಪದ: ‘ದೂಸ್ತತ್ ದಾರಮ್’.

ಇದು ಇವತ್ತಿನ ಬಳಕೆಯೂ ಅಲ್ಲ. ಇರಾನಿನ ನಖ್ಶೆ ರೊಸ್ತಮ್‌ನಲ್ಲಿ ದೊರೆ ದಾರಯವಹುವಿನ (ಇಂಗ್ಲಿಷಿನವರ ಡೇರಿಯಸ್) ಸಮಾಧಿಯ ಬಂಡೆಯ ಮೇಲೆ, ಸುಮಾರು 2500 ವರ್ಷದ ಹಿಂದೆ, ಹಳೆಯ ಪರ್ಷಿಯನ್ನಿನಲ್ಲಿ ‘ದೌಶ್ತಾ’ ಅಂತ ಕೆತ್ತಿದ್ದಾರೆ. ‘ಸರಿಯಾದದ್ದು ನನಗೆ ಇಷ್ಟ, ತಪ್ಪು ಇಷ್ಟವಿಲ್ಲ’ ಅನ್ನುವ ಜಾಗದಲ್ಲಿ. ಸಂಸ್ಕೃತದ ‘ಜುಷ್’ ಧಾತು ಇದರದೇ ಬಳಗ. ಅದಕ್ಕೂ ಇಷ್ಟಪಡು, ಸವಿ ಅಂತಲೇ ಅರ್ಥ. (ನಾವು ಹೇಳುವ ‘ಜೋಶ್’ ಬೇರೆ. ಅದು ಫಾರಸಿಯಲ್ಲಿ ಕುದಿತ.)

ಹಾಗಾದರೆ ಕನ್ನಡದಲ್ಲಿ ಏನನ್ನಬೇಕು? ‘ಇರಾನ್‌ಮಿತ್ರ’ ಅಂದರೆ ಯುದ್ಧದಲ್ಲಿ ಜೊತೆಗೆ ನಿಂತ ದೇಶದ ಹಾಗೆ ಕೇಳುತ್ತದೆ. ‘ಇರಾನ್‌ಸ್ನೇಹಿ’ಯನ್ನು ‘ಪರಿಸರಸ್ನೇಹಿ’ ಕೆಡಿಸಿದೆ, ಬಟ್ಟೆಚೀಲದ ನೆನಪಾಗುತ್ತದೆ. ‘ಅಭಿಮಾನಿ’ಯನ್ನು ಸಿನಿಮಾದವರು ಒಯ್ದರು. ಉಳಿದದ್ದು ‘ಇರಾನ್‌ಪ್ರೇಮಿ’. ‘ಕನ್ನಡಪ್ರೇಮಿ’, ‘ಪ್ರಾಣಿಪ್ರೇಮಿ’ ಸಾಲಿಗೆ ಸೇರುತ್ತದೆ, ವ್ಯಾಕರಣಕ್ಕೂ ಸರಿ. ಆದರೂ ‘ದೋಸ್ತ’ನನ್ನು ಬಿಡಲು ಮನಸ್ಸಿಲ್ಲ.

ಬಿಡಬೇಕು ಅಂತ ಅನ್ನಿಸಿದ್ದು ಅವರ ಕೊನೆಯ ಕತೆ ಓದಿದ ಮೇಲೆ. ತನ್ನನ್ನು ಇರಾನಿನ ಇಸ್ಫಹಾನಿನಲ್ಲಿ, ಜಾಯಂದೆ ರೂದ್ ಹೊಳೆಯ ದಂಡೆಯಲ್ಲಿ ಮಣ್ಣು ಮಾಡಬೇಕು ಅನ್ನುವುದು ಫ್ರೈ ಆಸೆ. ಇರಾನಿನ ಕಲೆಯ ಬಗ್ಗೆ ಬರೆದ ಇನ್ನೊಬ್ಬ ಅಮೆರಿಕದವರು, ಆರ್ಥರ್ ಪೋಪ್, ಅಲ್ಲೇ ಮಲಗಿದ್ದಾರೆ. ಫ್ರೈ 2014ರ ಮಾರ್ಚ್‌ನಲ್ಲಿ 94ನೇ ವಯಸ್ಸಿಗೆ ತೀರಿಕೊಂಡರು. ಇರಾನಿನ ಕಟ್ಟಾ ಸಂಪ್ರದಾಯವಾದಿಗಳು ‘ಇವನು ಗೂಢಚಾರ’ ಅಂತ ಗಲಾಟೆ ಎಬ್ಬಿಸಿದರು. ಮನೆಯವರು ಎರಡು ತಿಂಗಳಿಗೂ ಜಾಸ್ತಿ ಕಾದು, ಕೊನೆಗೆ ಅಮೆರಿಕದಲ್ಲೇ ದಹನ ಮಾಡಿದರು. ನಮ್ಮ ಕಡೆ ದೋಸ್ತಿ ಅಂದರೆ ಎರಡೂ ಕಡೆಯಿಂದ ಆಗುವಂಥದ್ದು. ಪ್ರೇಮಿಗೆ ಆ ಷರತ್ತಿಲ್ಲ.

ಇನ್ನೊಂದು ತೊಡಕು, ಉಚ್ಚಾರಣೆಯದು. ಟೆಹರಾನಿನವರು ‘ದೂಸ್ತ್’ ಅನ್ನುತ್ತಾರೆ. ಕಾಬೂಲಿನಲ್ಲಿ ಫಾರಸಿ ಮಾತಾಡುವವರು ನಮ್ಮ ಹಾಗೇ ‘ದೋಸ್ತ್’. ಹಳೆಯ ‘ಓ’ ಇರಾನಿನಲ್ಲಿ ‘ಊ’ ಆಯಿತು; ಆ ಬದಲಾವಣೆ ಕಾಬೂಲಿಗೂ ಮುಟ್ಟಲಿಲ್ಲ, ಕಲಬುರಗಿಗೂ ಮುಟ್ಟಲಿಲ್ಲ. ಹೆಸರು ಕೊಟ್ಟವರು ಟೆಹರಾನಿನವರು, ಓದುವವರು ಕನ್ನಡಿಗರು. ಸದ್ಯಕ್ಕೆ ‘ಇರಾನ್‌ದೂಸ್ತ್, ಅಂದರೆ ಇರಾನ್‌ಪ್ರೇಮಿ’ ಅಂತ ಬರೆದಿಟ್ಟಿದ್ದೇನೆ. ‘ದೋಸ್ತ್’ ಅಂತಲೇ ಬರೆದರೆ ತಪ್ಪಾದೀತೇ? ‘ಪ್ರೇಮಿ’ಗಿಂತ ಒಳ್ಳೆಯ ಕನ್ನಡದ ಪದ ಯಾರಿಗಾದರೂ ಹೊಳೆದರೆ ತಿಳಿಸಿ.